ಬೊಂಬಾಯಿಯ ಹುಡುಗನ ಬರಿ ಯಾವುದು?

ಎರಡು ಸಂಸ್ಕೃತಿಗಳ ನಡುವೆ ಬದುಕುವವರ ಬಗ್ಗೆ ಸಿನಿಮಾ ಮಾಡಬೇಕು, ಮಂಗಳೂರಿನಲ್ಲಿ ಎಲ್ಲಿಂದ ಶುರು ಮಾಡಲಿ ಎಂದು ಕೇಳಿದ್ದೀರಿ. ನನ್ನ ಮನೆ ಕೇರಳದ ಗಡಿಗೆ ತಾಗಿದ ತಲಪಾಡಿಯ ಹತ್ತಿರ. ಸ್ವಲ್ಪ ಮುಂದೆ ಹೋದರೆ ಕಾಸರಗೋಡು ಜಿಲ್ಲೆ. 1956ರ ನವೆಂಬರ್ 1ಕ್ಕೆ ಆ ಪ್ರದೇಶ ಕೇರಳಕ್ಕೆ ಸೇರಿತು. ಬೋರ್ಡುಗಳಲ್ಲಿ ಮಲಯಾಳಂ ಬಂತು, ಮನೆಯೊಳಗಿನ ತುಳು, ಕನ್ನಡ ಉಳಿಯಿತು. ನನ್ನ ಅಕ್ಕನನ್ನು ಕೊಟ್ಟದ್ದು ಗಡಿಯಾಚೆಯ ಮಂಜೇಶ್ವರಕ್ಕೆ. ಆಸ್ಪತ್ರೆಗೂ ಕಾಲೇಜಿಗೂ ಅವರು ಬರುವುದು ಮಂಗಳೂರಿಗೇ. 2020ರಲ್ಲಿ ಲಾಕ್‌ಡೌನ್ ಅಂತ ರಸ್ತೆ ಮುಚ್ಚಿದಾಗಲೇ ಅಲ್ಲೊಂದು ಗಡಿ ಇದೆ ಅಂತ ನಮಗೆ ಮೈಗೆ ತಟ್ಟಿದ್ದು.

ಆದರೆ ನೀವು ಹುಡುಕುತ್ತಿರುವ ಕಥೆ ಜಾಸ್ತಿ ಇರುವುದು ಬೊಂಬಾಯಿಗೆ ಹೋದವರ ಮನೆಗಳಲ್ಲಿ. ನನ್ನ ತಮ್ಮಲೆ, ಅಂದರೆ ಸೋದರಮಾವ, ಹದಿಮೂರನೇ ವಯಸ್ಸಿಗೆ ಹೋದವರು. ಹಗಲು ಹೋಟೆಲಿನಲ್ಲಿ ಲೋಟ ತೊಳೆದು, ರಾತ್ರಿ ಕನ್ನಡ ಶಾಲೆಯಲ್ಲಿ ಓದಿದರು. ಹೀಗೆ ರಾತ್ರಿ ಶಾಲೆಯಲ್ಲಿ ಓದಿ ಮೇಲೆ ಬಂದವರು ಇಲ್ಲಿ ಮನೆಮನೆಯಲ್ಲಿ ಸಿಗುತ್ತಾರೆ. ನಲವತ್ತೈದು ವರ್ಷ ಆಯಿತು. ಇವತ್ತಿಗೂ ಅವರ ಬಾಯಲ್ಲಿ "ಊರು" ಅಂದರೆ ಇದೇ. ಬೊಂಬಾಯಿಗೆ ಅವರು ಯಾವತ್ತೂ ಊರು ಅನ್ನಲಿಲ್ಲ.

ಅವರ ಹೆಂಡತಿ ಮರಾಠಿಯವರು. ಮಗನಿಗೆ ತುಳು ಅರ್ಧ ಅರ್ಥವಾಗುತ್ತದೆ. ಹೋದ ವರ್ಷ ತರವಾಡು ಮನೆಯ, ಅಂದರೆ ಕುಟುಂಬದ ಮೂಲಮನೆಯ ನೇಮದಲ್ಲಿ (ದೈವಾರಾಧನೆಯಲ್ಲಿ) ದೈವ ಅವನ ಮುಂದೆ ನಿಂತು ನುಡಿ ಕೊಟ್ಟಿತು. ಆ ಹಳೆಯ ತುಳು ನನಗೇ ಪೂರ್ತಿ ಬರುವುದಿಲ್ಲ. ಅವನು ಕೈಮುಗಿದು ಅಪ್ಪನ ಮುಖ ನೋಡಿದ. ತಮ್ಮಲೆ ಕಿವಿಯಲ್ಲಿ ಹಿಂದಿಯಲ್ಲಿ ಹೇಳಿಕೊಟ್ಟರು.

ಬೆಳಗ್ಗೆ ಚಾ ಕುಡಿಯುವಾಗ ಅವನು ಕೇಳಿದ: "ಅಣ್ಣ, ನನ್ನ ಬರಿ ಯಾವುದು?" ಬರಿ ಅಂದರೆ ಕುಲದ ಕವಲು, ಗೋತ್ರದ ಹಾಗೆ. ನಮ್ಮದು ಅಳಿಯಸಂತಾನ, ಬರಿ ಬರುವುದು ತಾಯಿಯಿಂದ. ಆ ಮನೆ ನನ್ನ ಅಮ್ಮನದ್ದು, ಹಾಗಾಗಿ ನನ್ನದು. ತಮ್ಮಲೆ ಅಲ್ಲೇ ಹುಟ್ಟಿದವರಾದರೂ ಅವರ ಮಗನದ್ದಲ್ಲ. ತಾಯಿ ತುಳುವರಾಗಿದ್ದರೆ ಅವರ ಬರಿಯಾದರೂ ಇರುತ್ತಿತ್ತು. ಇವನಿಗೆ ಅದೂ ಇಲ್ಲ. ಆದರೂ ವರ್ಷ ವರ್ಷ ರಜೆ ಹಾಕಿ, ರೈಲು ಹತ್ತಿ ಬರುತ್ತಾನೆ. ನನಗೆ ಉತ್ತರ ಹೇಳಲಾಗಲಿಲ್ಲ. ಇವತ್ತಿಗೂ ಅದು ನನ್ನನ್ನು ಕೊರೆಯುತ್ತದೆ.

ನಿಮ್ಮ ಸಿನಿಮಾ ಅಲ್ಲಿಂದ ಶುರುವಾಗಬೇಕು ಅಂತ ನನ್ನ ಆಸೆ. ದಯವಿಟ್ಟು ಬಣ್ಣ, ಬೆಂಕಿ ತೋರಿಸಲಿಕ್ಕೆ ಅಂತ ಸುಮ್ನೆ ನೇಮ ಶೂಟ್ ಮಾಡಬೇಡಿ. ತುಳು ಮಾತಾಡುವವರು ತುಳುವಿನಲ್ಲೇ ಮಾತಾಡಲಿ. ಮೇ ಕೊನೆಗೆ ಪತ್ತನಾಜೆ ಅಂತ ತುಳುವರ ಒಂದು ದಿನ ಬರುತ್ತದೆ, ಅಲ್ಲಿಗೆ ನೇಮ, ಯಕ್ಷಗಾನ ಮೇಳಗಳ ತಿರುಗಾಟ ಎಲ್ಲ ನಿಲ್ಲುತ್ತದೆ. ಮಳೆಗಾಲದಲ್ಲಿ ಕಲಾವಿದರು ಬೊಂಬಾಯಿಗೆ ಹೋಗಿ ಯಕ್ಷಗಾನ ಆಡುತ್ತಾರೆ, ಆಗ ನೀವೂ ಅಲ್ಲಿಗೇ ಹೋಗಿ.

ನಮ್ಮ ಮನೆಯ ನೇಮ ಫೆಬ್ರವರಿಯಲ್ಲಿ. ತಮ್ಮಲೆಯ ಮಗ ಟಿಕೆಟ್ ಮಾಡಿಸಿದ್ದಾನಂತೆ. ನೀವೂ ಬನ್ನಿ, ಮೊದಲ ಸಲ ಕ್ಯಾಮೆರಾ ಇಲ್ಲದೆ.