ಬಡಿಗಿ ತಾನ ಎದ್ದು ಬಂತೇನು?

ಬೆಟಗೇರಿಯ ಗೆಳೆಯರೇ,

ನೀವು ಸಿನಿಮಾ ಬಗ್ಗೆ ಬರೆದ ಲೇಖನ ಬಂದು ಹದಿನೈದು ದಿನವಾಯಿತು. ಬೇಡವಾದ ಲೇಖನಕ್ಕೆ ನಾವು ‘ಆಯ್ಕೆಯಾಗಿಲ್ಲ, ಕ್ಷಮಿಸಿ’ ಅನ್ನುವ ಅಚ್ಚಿನ ಚೀಟಿ ಕಳಿಸಿ ಕೈ ತೊಳೆದುಕೊಳ್ಳುತ್ತೇವೆ. ನಿಮಗೆ ಹಾಗೆ ಮಾಡಲು ಮನಸ್ಸು ಬರಲಿಲ್ಲ. ಮೂರು ಸಲ ಓದಿದೆ. ಮೂರು ಸಲವೂ ಸಿಟ್ಟು ಬಂತು. ಸಿಟ್ಟು ಬರಿಸುವ ಲೇಖನಗಳು ಕಡಿಮೆ, ಜಾಸ್ತಿ ಬರೋದು ನಿದ್ದೆ ಬರಿಸುವಂಥವು. ಅದಕ್ಕೇ ಪತ್ರಿಕೆಯಲ್ಲೇ ಉತ್ತರ ಬರೆಯುತ್ತಿದ್ದೇನೆ. ನಿಮ್ಮ ಹೆಸರು ಹಾಕಿಲ್ಲ. ಬಿ.ಎ. ಎರಡನೇ ವರ್ಷ ಅಂತ ಬರೆದಿದ್ದೀರಿ. ನನ್ನ ಮೊಮ್ಮಗಳ ವಯಸ್ಸು. ಆದರೂ ಬಹುವಚನವೇ ಇರಲಿ. ನಮ್ಮ ಕಚೇರಿಯಲ್ಲಿ ಬೈಯುವಾಗಲೂ ‘ನೀವು’ ಅನ್ನುವುದೇ ರೂಢಿ.

ಹೊಗಳಿಕೆ ಮೊದಲು ಮುಗಿಸಿಬಿಡುತ್ತೇನೆ. ಅಕ್ಷರ ದುಂಡಗಿದೆ. ಪುಟಗಳಿಗೆ ಅಂಕಿ ಹಾಕಿದ್ದೀರಿ. ಹಿಮ ಬಿದ್ದ ಅಂಗಳವನ್ನು ಬರೆದ ರೀತಿ ಚೆನ್ನಾಗಿದೆ. ಗದಗಿನ ಬಿಸಿಲಲ್ಲಿ ಕೂತು ಬರೆದದ್ದು ಅನ್ನಿಸುವುದಿಲ್ಲ.

ನೀವು ಬರೆದ ಸಿನಿಮಾ ಯಾವುದು ಅಂತ ಉಳಿದ ಓದುಗರಿಗೂ ಗೊತ್ತಾಗಲಿ. ‘ಲೆಟ್ ದ ರೈಟ್ ಒನ್ ಇನ್’, 2008ರ ಸ್ವೀಡನ್ನಿನ ಚಿತ್ರ. ನಿರ್ದೇಶಕ ತೋಮಾಸ್ ಆಲ್ಫ್ರೆಡ್‌ಸನ್. 2004ರಲ್ಲಿ ಬಂದ ಕಾದಂಬರಿಯಿಂದ ಮಾಡಿದ್ದು. ಕಾದಂಬರಿಕಾರ ಲಿಂಡ್‌ಕ್ವಿಸ್ಟ್ ಅವರೇ ಚಿತ್ರಕಥೆಯನ್ನೂ ಬರೆದರು. ಸ್ಟಾಕ್‌ಹೋಮಿನ ಹೊರವಲಯದ ಬ್ಲಾಕೆಬೆರಿಯಲ್ಲಿ, 1980ರ ದಶಕದ ಆರಂಭದಲ್ಲಿ ಕಥೆ ನಡೆಯುತ್ತದೆ. ಆಸ್ಕರ್ ಅಂತ ಹನ್ನೆರಡು ವರ್ಷದ ಹುಡುಗ. ಶಾಲೆಯಲ್ಲಿ ಅವನನ್ನು ದಿನಾ ಕಾಡುತ್ತಾರೆ. ಪಕ್ಕದ ಮನೆಗೆ ಎಲಿ ಅನ್ನುವ ಮಗು ಬರುತ್ತದೆ. ಅದಕ್ಕೂ ಹನ್ನೆರಡೇ, ಆದರೆ ಬಹಳ ಕಾಲದಿಂದ ಹನ್ನೆರಡು. ರಕ್ತ ಕುಡಿದು ಬದುಕುವ ಮಗು. ಇವರಿಬ್ಬರ ಗೆಳೆತನವೇ ಕಥೆ. (ನೀವು ಎಲಿಯನ್ನು ‘ಹುಡುಗಿ’ ಅಂದಿದ್ದೀರಿ. ತಾನು ಹುಡುಗಿಯಲ್ಲ ಅಂತ ಎಲಿ ಬಾಯಿಬಿಟ್ಟು ಹೇಳುತ್ತದೆ. ‘ಮಗು’ ಅನ್ನಿ. ಮಗು ಬಂತು, ಮಗು ಹೋಯಿತು. ಬೇರೆ ಭಾಷೆಯವರು ಒದ್ದಾಡುವ ಕಡೆ ಕನ್ನಡ ನಮ್ಮನ್ನು ಸುಮ್ನೆ ದಾಟಿಸಿಬಿಡುತ್ತದೆ.)

ಈಗ ಸಿಟ್ಟಿನ ವಿಷಯ. ನಿಮ್ಮ ನಾಲ್ಕು ಪುಟಗಳಲ್ಲಿ 19 ‘ಲ್ಪಟ್ಟ’ಗಳಿವೆ. ಎಣಿಸಿದ್ದೇನೆ, ಪೆನ್ಸಿಲ್ಲಿನಿಂದ ಸುತ್ತು ಹಾಕಿದ್ದೇನೆ. ಮೊದಲ ಸಾಲೇ ಹೀಗಿದೆ:

“ಶಾಲೆಯಲ್ಲಿ ನಿರಂತರವಾಗಿ ಪೀಡಿಸಲ್ಪಡುತ್ತಿದ್ದ ಆಸ್ಕರ್ ಎಂಬ ಬಾಲಕನು ನೆರೆಮನೆಯ ಎಲಿಯಿಂದ ಆಕರ್ಷಿಸಲ್ಪಟ್ಟನು.”

ಇದನ್ನು ಜೋರಾಗಿ ಓದಿ ನೋಡಿ. ನಿಮ್ಮ ಓಣಿಯಲ್ಲಿ ಯಾರಾದರೂ ಹೀಗೆ ಮಾತಾಡುತ್ತಾರಾ? ‘ರಾಮನಿಂದ ರಾವಣನು ಕೊಲ್ಲಲ್ಪಟ್ಟನು’ ಅಂತ ಎಂಟನೇ ತರಗತಿಯಲ್ಲಿ ಬರೆಸುತ್ತಾರಲ್ಲ, ಪರೀಕ್ಷೆ ಮುಗಿದ ಮೇಲೆ ಅದನ್ನು ಅಲ್ಲೇ ಬಿಟ್ಟು ಬರಬೇಕು. ಕಿವಿಗೆ ಕೆಟ್ಟದಾಗಿ ಕೇಳುತ್ತದೆ ಅನ್ನುವುದಷ್ಟೇ ನನ್ನ ತಕರಾರಲ್ಲ. ‘ಪೀಡಿಸಲ್ಪಡುತ್ತಿದ್ದ’ ಅಂದಾಗ ಪೀಡಿಸಿದವರು ಮಾಯವಾಗುತ್ತಾರೆ. ಸಿನಿಮಾದಲ್ಲಿ ಅವರಿಗೆ ಹೆಸರಿದೆ, ಮುಖವಿದೆ. ಕೊನ್ನಿ ಅಂತ ಒಬ್ಬ. ಅವನ ಬೆನ್ನಿಗೆ ಇಬ್ಬರು. ಆಮೇಲೆ ಅವನ ಅಣ್ಣ. ನಿಮ್ಮ ಲೇಖನದಲ್ಲಿ ಕೊನ್ನಿ ಅನ್ನುವ ಹೆಸರು ಒಂದು ಸಲವೂ ಬರುವುದಿಲ್ಲ! ನಾಲ್ಕು ಪುಟದ ತುಂಬ ಒಬ್ಬ ಹುಡುಗ ಹೊಡೆಸಿಕೊಳ್ಳುತ್ತಾನೆ, ಹೊಡೆದವನು ಮಾತ್ರ ಒಬ್ಬನೂ ಇಲ್ಲ.

ಎರಡನೇ ಪುಟ:

“ಅವನ ಕೆನ್ನೆಯು ಗಾಯಗೊಳಿಸಲ್ಪಟ್ಟಿತು. ತಾಯಿಯಿಂದ ಪ್ರಶ್ನಿಸಲ್ಪಟ್ಟಾಗ ಸುಳ್ಳು ಹೇಳಿದನು.”

ಏನು ಸುಳ್ಳು? ಅದನ್ನೇ ಬಿಟ್ಟಿದ್ದೀರಿ. ಆಟದ ಹೊತ್ತಿನಲ್ಲಿ ಬಿದ್ದೆ ಅನ್ನುತ್ತಾನೆ. ಹೊಡೆಸಿಕೊಂಡ ಹುಡುಗ ಮನೆಗೆ ಬಂದು ತಾನೇ ಹೊಡೆದವರನ್ನು ವಾಕ್ಯದಿಂದ ತೆಗೆದುಹಾಕುತ್ತಾನೆ. ಅವನಿಗೆ ಹೆದರಿಕೆ ಇದೆ, ನಾಚಿಕೆ ಇದೆ. ನಾಳೆ ಅದೇ ಶಾಲೆಗೆ ಹೋಗಬೇಕು. ನಿಮಗೇನಾಗಿತ್ತು?

ಇಲ್ಲಿ ನಾನು ಸ್ವಲ್ಪ ಹಿಂದಕ್ಕೆ ಹೋಗುತ್ತೇನೆ. 1979ರಲ್ಲಿ ಹುಬ್ಬಳ್ಳಿಯ ಒಂದು ದಿನಪತ್ರಿಕೆಯಲ್ಲಿ ಕೆಲಸ ಕಲಿಯಲು ಸೇರಿದ್ದೆ. ಟೆಲಿಪ್ರಿಂಟರಿನಲ್ಲಿ ಇಂಗ್ಲಿಷ್ ಸುದ್ದಿ ಕಟಕಟ ಅಂತ ಬರುತ್ತಿತ್ತು. ಹರಿದುಕೊಂಡು ಕನ್ನಡ ಮಾಡಬೇಕು. ಆ ಇಂಗ್ಲಿಷ್ ಸುದ್ದಿಯ ಬೆನ್ನು ಹತ್ತಿ ಈ ‘ಲ್ಪಟ್ಟ’ ನಮ್ಮ ಪುಟಗಳಿಗೂ ಬರುತ್ತಿತ್ತು. ಬಂಧಿಸಲ್ಪಟ್ಟ, ಆಯ್ಕೆ ಮಾಡಲ್ಪಟ್ಟ, ಉದ್ಘಾಟಿಸಲ್ಪಟ್ಟ. ನಮ್ಮ ಹಿರಿಯ ಸಂಪಾದಕರು ಮೇಜಿನ ಮೇಲೆ ತಗಡಿನ ಡಬ್ಬಿ ಇಟ್ಟಿದ್ದರು. ಒಂದು ‘ಲ್ಪಟ್ಟ’ಕ್ಕೆ ನಾಲ್ಕಾಣೆ ದಂಡ. ತಿಂಗಳ ಕೊನೆಗೆ ಆ ದುಡ್ಡಿನಲ್ಲಿ ಎಲ್ಲರಿಗೂ ಗಿರ್ಮಿಟ್, ಮಿರ್ಚಿ. ಮೊದಲ ತಿಂಗಳ ಮಿರ್ಚಿ ಬಹುಪಾಲು ನನ್ನದೇ ಖರ್ಚಿನದು.

ಒಂದು ದಿನ ತಾಲ್ಲೂಕಿನಿಂದ ವರದಿಯೊಂದು ಬಂತು. ನಾನು ತಿದ್ದಿ ಬರೆದೆ: ‘ವಿದ್ಯಾರ್ಥಿಯೋರ್ವನು ಥಳಿಸಲ್ಪಟ್ಟು ಆಸ್ಪತ್ರೆಗೆ ಸೇರಿಸಲ್ಪಟ್ಟಿದ್ದಾನೆ.’ ಎಂಟಾಣೆ. ಆದರೆ ಅವತ್ತು ಅವರು ಡಬ್ಬಿ ತೋರಿಸಲಿಲ್ಲ. “ಯಾರು ಬಡದ್ರು?” ಅಂದರು. ವರದಿಯಲ್ಲಿಲ್ಲ ಅಂದೆ. “ಹಂಗಾರ ಬಡಿಗಿ ತಾನ ಎದ್ದು ಬಂತೇನು? ಹೋಗು, ಕೇಳ್ಕೊಂಡ್ ಬಾ.” ಬಡಿಗಿ ಅಂದರೆ ನಮ್ಮ ಕಡೆ ದೊಣ್ಣೆ.

ಬಸ್ಸು ಹತ್ತಿ ಹೋದೆ. ಹಾಸ್ಟೆಲ್ಲಿನ ಹುಡುಗ, ಹದಿಮೂರೋ ಹದಿನಾಲ್ಕೋ. ಮಂಚದ ಮೇಲೆ ಒಂದು ಮಗ್ಗಲಿಗೆ ಮಲಗಿದ್ದ. “ಯಾರ್ ಬಡದ್ರೋ ತಮ್ಮಾ?” ಅಂದೆ. “ಯಾರೂ ಇಲ್ರಿ. ಪಾವಟಿಗಿ ಮ್ಯಾಲಿಂದ ಬಿದ್ದೆ” ಅಂದ. ಪಾವಟಿಗಿ ಅಂದರೆ ಮೆಟ್ಟಿಲು. ಮಂಚದ ಆಚೆ ಅವನಿಗಿಂತ ದೊಡ್ಡ ಹುಡುಗ ಒಬ್ಬ ಚಹಾದ ಲೋಟ ಹಿಡಿದು ನಿಂತಿದ್ದ. ನೋಡಿಕೊಳ್ಳಲು ಬಂದವನು ಅಂತ ಹೇಳಿದರು. ಮಲಗಿದ್ದವನು ನನಗೆ ಉತ್ತರ ಕೊಟ್ಟ, ಆದರೆ ಕಣ್ಣು ಆ ಲೋಟದವನ ಮೇಲಿತ್ತು.

ವಾಪಸ್ ಬಂದು, ಏನೂ ಗೊತ್ತಾಗಲಿಲ್ಲ ಅಂದೆ. “ಅವ ಏನಂದ ಅದನ್ನ ಬರಿ. ನೀ ಏನ್ ನೋಡಿದಿ ಅದನ್ನ ಬರಿ” ಅಂದರು. ಮರುದಿನ ಒಳಪುಟದಲ್ಲಿ ಎರಡು ಸಾಲು ಬಂತು: ‘ಪಾವಟಿಗೆಯಿಂದ ಬಿದ್ದೆ ಎಂದು ಹುಡುಗ ಹೇಳಿದ. ಅವನ ಬೆನ್ನ ಮೇಲೆ ಬಾಸುಂಡೆಗಳಿದ್ದವು.’ ಡಬ್ಬಿಗೆ ಏನೂ ಬೀಳಲಿಲ್ಲ.

ನಿಮ್ಮ ಲೇಖನಕ್ಕೆ ಮರಳುತ್ತೇನೆ. ಮೂರನೇ ಪುಟ. ನನಗೆ ಎಲ್ಲಕ್ಕಿಂತ ಜಾಸ್ತಿ ಸಿಟ್ಟು ಬಂದ ಸಾಲು ಇದು:

“ಆಹ್ವಾನಿಸಲ್ಪಡದೆ ಒಳಗೆ ಪ್ರವೇಶಿಸಿದ ಎಲಿಯ ಮೈಯಿಂದ ರಕ್ತ ಸುರಿಯಿತು.”

ಮನೆಯವರು ಕರೆಯದೆ ರಕ್ತಪಿಶಾಚಿ ಹೊಸಿಲು ದಾಟಬಾರದು ಅನ್ನುವುದು ರಕ್ತಪಿಶಾಚಿ ಕಥೆಗಳ ಹಳೆಯ ನಿಯಮ. ಅದನ್ನು ವಿವರಿಸಿದ್ದೀರಿ, ಸರಿ. ಆದರೆ ‘ಆಹ್ವಾನಿಸಲ್ಪಡದೆ’ ಅಂದರೆ ಕರೆಯದೆ ಇದ್ದವರು ಯಾರು? ಆಸ್ಕರ್! ಎಲಿ ಬಾಗಿಲಲ್ಲಿ ನಿಂತು ಒಳಗೆ ಕರೆ ಅನ್ನುತ್ತದೆ. ಅವನು ಕರೆಯುವುದಿಲ್ಲ. ಕರೆಯದಿದ್ದರೆ ಏನಾಗುತ್ತದೆ ನೋಡೋಣ ಅಂತ ತಮಾಷೆಗೆ ಸುಮ್ಮನಿರುತ್ತಾನೆ. ನಮ್ಮ ಕಡೆ ಮನೆ ಮುಂದೆ ನಿಂತವರಿಗೆ ‘ಒಳಗ ಬರ್ರಿ’ ಅನ್ನದೆ ಮುಖ ನೋಡುತ್ತಾ ನಿಂತರೆ ಎಂಥ ಅವಮಾನ ಅಂತ ನಿಮಗೆ ಗೊತ್ತಲ್ಲ. ಎಲಿ ಹಾಗೇ ಒಳಗೆ ಬರುತ್ತದೆ. ಕಣ್ಣಿನಿಂದ, ಕಿವಿಯಿಂದ, ಬೆನ್ನಿನಿಂದ ರಕ್ತ. ಆಗ ಹುಡುಗ ಗಾಬರಿಯಾಗಿ, ಬಾ, ನೀನು ಬರಬಹುದು ಅಂತ ಕೂಗುತ್ತಾನೆ.

ನೋಡಿ, ಇಡೀ ಸಿನಿಮಾ ಪೆಟ್ಟು ತಿಂದ ಹುಡುಗ ಒಂದು ನಿಮಿಷದ ಮಟ್ಟಿಗೆ ತಾನೇ ಕೊನ್ನಿ ಆಗುತ್ತಾನೆ. ಅದೂ ತನಗೆ ಗೆಳೆತನ ಕೊಟ್ಟ ಒಂದೇ ಜೀವದ ಮೇಲೆ. ಇನ್ನೊಬ್ಬರು ನರಳುವುದನ್ನು ನೋಡುವ ರುಚಿ ಅವನಿಗೂ ಇದೆ ಅಂತ ಆ ದೃಶ್ಯ ತೋರಿಸುತ್ತದೆ. ನಿಮ್ಮ ಒಂದು ‘ಲ್ಪಡದೆ’ ಆ ಹುಡುಗನನ್ನು ಎತ್ತಿ ಆಚೆ ಇಟ್ಟುಬಿಟ್ಟಿತು. ನೀವು ಅವನನ್ನು ಪ್ರೀತಿಸುತ್ತೀರಿ, ಗೊತ್ತಾಗುತ್ತದೆ. ಅವನ ಮೇಲೆ ಕಲೆ ಬೀಳಬಾರದು ಅಂತ ನಿಮ್ಮ ಕೈ ತಾನಾಗಿಯೇ ಹಾಗೆ ಬರೆದಿರಬೇಕು. ಅದೇ ನನ್ನ ತಲೆನೋವು.

ಕೊನೆಯ ಪುಟ:

“ಈಜುಕೊಳದಲ್ಲಿ ವೈರಿಗಳೆಲ್ಲರೂ ಸಂಹರಿಸಲ್ಪಟ್ಟರು. ಮುಗ್ಧ ಸ್ನೇಹ ಗೆದ್ದಿತು.”

ಇಲ್ಲಿ ನ್ಯಾಯವಾಗಿ ಒಂದು ಮಾತು ಹೇಳಬೇಕು. 19ರಲ್ಲಿ ಈ ಒಂದನ್ನು ನಾನು ಮಾಫಿ ಮಾಡುತ್ತೇನೆ. ಕೊನ್ನಿಯ ಅಣ್ಣ ಆಸ್ಕರನ ತಲೆಯನ್ನು ನೀರಲ್ಲಿ ಅದುಮಿ ಹಿಡಿದಾಗ ಕ್ಯಾಮೆರಾ ನೀರೊಳಗೇ ಉಳಿಯುತ್ತದೆ. ಮೇಲೆ ಏನಾಗುತ್ತಿದೆ ಕಾಣುವುದಿಲ್ಲ. ಶಬ್ದ ಕೂಡ ಮಂಕು. ಯಾರದೋ ಕಾಲು ನೀರಲ್ಲಿ ಎಳೆದುಕೊಂಡು ಹೋಗುತ್ತವೆ. ಒಂದು ತಲೆ ಬೀಳುತ್ತದೆ. ತಲೆಗೂದಲು ಹಿಡಿದ ಕೈ ಸಡಿಲವಾಗಿ ಕೆಳಗಿಳಿಯುತ್ತದೆ. ಮಾಡಿದವರು ಯಾರು ಅಂತ ತೋರಿಸದೆ ನಿರ್ದೇಶಕ ಎಲ್ಲವನ್ನೂ ತೋರಿಸುತ್ತಾನೆ. ಬೇಕಂತಲೇ ಮುಚ್ಚಿಟ್ಟಿದ್ದು. ಅಲ್ಲಿಯವರೆಗೆ ಪ್ರತಿ ಏಟನ್ನೂ ಯಾರು ಕೊಟ್ಟರು ಅಂತ ತೋರಿಸಿದವನಿಗೆ ಒಂದು ಸಲ ಮುಚ್ಚಿಡುವ ಹಕ್ಕಿದೆ.

ಆದರೆ ‘ಎಲ್ಲರೂ’ ಅನ್ನುವುದನ್ನು ಬಿಡುವುದಿಲ್ಲ. ಎಲ್ಲರೂ ಸಾಯುವುದಿಲ್ಲ. ಒಬ್ಬ ಹುಡುಗ ಉಳಿಯುತ್ತಾನೆ. ಬೆಂಚಿನ ಮೇಲೆ ಕೂತು ಅಳುತ್ತಿರುತ್ತಾನೆ. ಕೊನ್ನಿಯ ಜೊತೆ ಇದ್ದವನೇ. ನಿಮಗೆ ಅವನು ಕಾಣಲಿಲ್ಲ. ನನಗೆ ಅವನನ್ನು ಬಿಟ್ಟು ಬೇರೆ ಯಾರೂ ಕಾಣಲಿಲ್ಲ.

ನಮ್ಮೂರಲ್ಲಿ ಬಾವಿಗೆ ಈಜಲು ಹೋಗುತ್ತಿದ್ದೆವು. ನಮ್ಮ ಜೊತೆ ಒಬ್ಬ ತೊದಲುವ ಹುಡುಗ ಇದ್ದ. ಇಬ್ಬರು ಅವನನ್ನು ಮುಳುಗಿಸಿ ಹಿಡಿಯುತ್ತಿದ್ದರು, ಎತ್ತುತ್ತಿದ್ದರು, ಹೆಸರು ಹೇಳು ಅನ್ನುತ್ತಿದ್ದರು, ಮತ್ತೆ ಮುಳುಗಿಸುತ್ತಿದ್ದರು. ನಾನು ಮುಳುಗಿಸಲಿಲ್ಲ. ಮೆಟ್ಟಿಲ ಮೇಲೆ ಅವನ ಅಂಗಿ, ಚಡ್ಡಿ ಹಿಡಿದುಕೊಂಡು ನಿಂತಿದ್ದೆ. ಓಡಿ ಹೋಗದ ಹಾಗೆ. ಈ ಮಾತನ್ನು ಎಷ್ಟೋ ವರ್ಷ ‘ಆ ಹುಡುಗನನ್ನು ಬಹಳ ಕಾಡಲಾಗುತ್ತಿತ್ತು’ ಅಂತ ಹೇಳಿಕೊಂಡು ಬಂದೆ. ಆ ‘ಲಾಗುತ್ತಿತ್ತು’ ಇದೆಯಲ್ಲ, ಅದೂ ‘ಲ್ಪಟ್ಟ’ದ ತಮ್ಮನೇ. ಡಬ್ಬಿಯ ದಂಡದಿಂದ ಅದು ತಪ್ಪಿಸಿಕೊಂಡಿತ್ತು.

ಇನ್ನು ‘ಮುಗ್ಧ ಸ್ನೇಹ ಗೆದ್ದಿತು’. ಇದರ ಬಗ್ಗೆ ಒಂದೇ ಪ್ರಶ್ನೆ. ಹೋಕಾನ್ ಎಲ್ಲಿ? ಎಲಿಯ ಜೊತೆ ಬರುವ ವಯಸ್ಸಾದ ಮನುಷ್ಯ. ಎಲಿಗಾಗಿ ಜನರನ್ನು ಕೊಂದು ರಕ್ತ ತರುತ್ತಾನೆ. ಸಿಕ್ಕಿಬಿದ್ದಾಗ ಗುರುತು ಸಿಗದ ಹಾಗೆ ತನ್ನ ಮುಖಕ್ಕೆ ತಾನೇ ಆಸಿಡ್ ಸುರಿದುಕೊಳ್ಳುತ್ತಾನೆ. ಅದಕ್ಕೆ ಮೊದಲು ಎಲಿಯನ್ನು ಒಂದೇ ಒಂದು ಬೇಡಿಕೊಳ್ಳುತ್ತಾನೆ, ಇವತ್ತು ರಾತ್ರಿ ಆ ಹುಡುಗನನ್ನು ಭೇಟಿಯಾಗಬೇಡ ಅಂತ. ನಿಮ್ಮ ಲೇಖನದಲ್ಲಿ ಇವನು ‘ಎಲಿಯ ಪಾಲಕ’ ಅಂತ ಎರಡು ಪದ. 2010ರಲ್ಲಿ ಅಮೆರಿಕದವರು ಇದೇ ಕಥೆಯನ್ನು ಮತ್ತೆ ಸಿನಿಮಾ ಮಾಡಿದಾಗ ನೋಡುವವರಿಗೆ ಅನುಮಾನ ಉಳಿಯಬಾರದು ಅಂತ ಒಂದು ಹಳೆಯ ಫೋಟೋ ಇಟ್ಟರು. ಅದರಲ್ಲಿ ಆ ಮಗುವಿನ ಪಕ್ಕ ಒಬ್ಬ ಚಿಕ್ಕ ಹುಡುಗ. ಮುದುಕನ ಬಾಲ್ಯ ಅದು. ಸ್ವೀಡನ್ನಿನ ಚಿತ್ರದಲ್ಲಿ ಫೋಟೋ ಇಲ್ಲ. ಕೊನೆಯಲ್ಲಿ ರೈಲು ಇದೆ. ಆಸ್ಕರ್ ಕೂತಿದ್ದಾನೆ, ಪಕ್ಕದಲ್ಲಿ ದೊಡ್ಡ ಪೆಟ್ಟಿಗೆ. ಒಳಗಿಂದ ಎಲಿ ಟಕ್ ಟಕ್ ಅಂತ ಸಂಕೇತದಲ್ಲಿ ಮಾತಾಡುತ್ತದೆ, ಅವನೂ ಬೆರಳಲ್ಲಿ ಬಡಿಯುತ್ತಾನೆ. ನೀವು ಅದನ್ನು ಗೆಲುವು ಅನ್ನಿ, ನನ್ನ ತಕರಾರಿಲ್ಲ. ಹೋಕಾನನನ್ನು ಎರಡು ಪ್ಯಾರಾ ಬರೆದು, ಆಮೇಲೆ ಅನ್ನಿ.

ಉಳಿದ ತಪ್ಪುಗಳನ್ನು ಬಿಟ್ಟಿದ್ದೇನೆ. ಕಾಗುಣಿತ ನಮ್ಮ ಹುಡುಗರು ತಿದ್ದುತ್ತಾರೆ. ‘ಅದ್ಭುತ’ ಏಳು ಸಲ ಬಂದಿದೆ, ಅದು ನಿಮ್ಮ ವಯಸ್ಸಿಗೆ ಸಹಜ.

ಆ ತಗಡಿನ ಡಬ್ಬಿ ಈಗ ನನ್ನ ಮೇಜಿನ ಮೇಲಿದೆ. ನಾಲ್ಕಾಣೆ 2011ರಿಂದ ಚಲಾವಣೆಯಲ್ಲಿಲ್ಲ, ಅದಕ್ಕೆ ದರ ಒಂದು ರೂಪಾಯಿ ಮಾಡಿದ್ದೇನೆ. ಮಾಫಿ ಮಾಡಿದ್ದನ್ನು ಕಳೆದು ನಿಮ್ಮ ಲೆಕ್ಕ 18 ರೂಪಾಯಿ. ತಿದ್ದಿದ ಲೇಖನ ತೆಗೆದುಕೊಂಡು ನೀವೇ ಹುಬ್ಬಳ್ಳಿಗೆ ಬನ್ನಿ. ಸಂಜೆ ನಾಲ್ಕರ ಮೇಲೆ ಇರುತ್ತೇನೆ. ಚಿಲ್ಲರೆ ತನ್ನಿ.