ಹತ್ತು ಸರಿ, ಇಪ್ಪತ್ತು ಯಾಕೆ?

ಪ್ರಶ್ನೆ: ಒಂದನೇ ತರಗತಿಯ ಮಗಳಿಗೆ ಎಣಿಸೋದು ಹೇಳಿಕೊಡುತ್ತಿದ್ದೆ. ‘ಎರಡು ಹತ್ತು ಸೇರಿದ್ರೆ ಇಹ್ಹತ್ತು ಆಗ್ಬೇಕಲ್ವಾ, ಇಪ್ಪತ್ತು ಯಾಕಮ್ಮ?’ ಎಂದಳು. ಉತ್ತರ ಹೊಳೆಯಲಿಲ್ಲ.
– ಓದುಗರೊಬ್ಬರು, ತಿಪಟೂರು

ಉತ್ತರ: ಮಗಳ ಕಿವಿ ಬಲು ಚುರುಕು! ನಮ್ಮ ‘ಹತ್ತು’ ಹಿಂದೆ ‘ಪತ್ತು’ ಆಗಿತ್ತು. ಹಾಲು ‘ಪಾಲ್’, ಹುಲಿ ‘ಪುಲಿ’, ಹೆಸರು ‘ಪೆಸರ್’. ಮಂಗಳೂರಿನ ಕಡೆ ನವರಾತ್ರಿಗೆ ಕುಣಿಯುವ ಹುಲಿವೇಷಕ್ಕೆ ತುಳುವಿನಲ್ಲಿ ಈಗಲೂ ‘ಪಿಲಿ’ ಎಂದೇ ಹೆಸರು. ಹಾಸನ ಜಿಲ್ಲೆಯ ಹಲ್ಮಿಡಿಯ ಹೆಸರು ಕೂಡ ಅಲ್ಲಿನ 5ನೇ ಶತಮಾನದ ಶಾಸನದಲ್ಲಿ ಪಕಾರದಿಂದಲೇ ಶುರುವಾಗುತ್ತದೆ. 10ನೇ ಶತಮಾನದಿಂದೀಚೆಗೆ ಪದದ ಮೊದಲಲ್ಲಿದ್ದ ಪಕಾರ ನಿಧಾನವಾಗಿ ಹಕಾರಕ್ಕೆ ತಿರುಗಿತು.

ಮಗಳ ಅಂಗೈಯನ್ನು ಅವಳ ಬಾಯಿಯ ಮುಂದೆ ಹಿಡಿಸಿ ‘ಪ’ ಅನ್ನಿಸಿ. ಎರಡು ತುಟಿ ಕೂಡಿ, ಬಿಟ್ಟು, ಗಾಳಿ ಕೈಗೆ ಬಡಿಯುತ್ತದೆ. ‘ಹ’ ಅನ್ನಿಸಿ: ತುಟಿ ಕೂಡುವುದೇ ಇಲ್ಲ, ಬರೀ ಉಸಿರು. ಈಗ ‘ಇಪ್ಪತ್ತು’. ಇದು ಮೊದಲು ‘ಇರ್ಪತ್ತು’. ರಕಾರ ಪಕಾರದೊಳಗೆ ಸೇರಿ ಒತ್ತಕ್ಷರವಾಯಿತು. ಒತ್ತಿ ಹಿಡಿದ ತುಟಿ ಸಡಿಲವಾಗಲಿಲ್ಲ, ಪಕಾರ ಉಳಿಯಿತು. ‘ಎಪ್ಪತ್ತು’ ಕೂಡ ಹೀಗೆಯೇ. ಮೂವತ್ತು, ಐವತ್ತುಗಳಲ್ಲಿ ಸ್ವರಗಳ ನಡುವೆ ಸಿಕ್ಕಿ ಅದು ವಕಾರವಾಯಿತು. ಎಂಬತ್ತು, ತೊಂಬತ್ತುಗಳಲ್ಲಿ ಮೂಗಿನ ದನಿಯ ಪಕ್ಕ ಕೂತು ಬಕಾರವಾಯಿತು. ಒಂದೇ ‘ಪತ್ತು’ ನೂರರೊಳಗೆ ಇಷ್ಟು ವೇಷ ಹಾಕಿದೆ. ನಲವತ್ತು ವರ್ಷ ಕನ್ನಡ ಪಾಠ ಮಾಡಿದ ನನಗೆ ಇವತ್ತಿಗೂ ಇದು ಬೆರಗೇ.

ಪ್ರಶ್ನೆ: ನಮ್ಮತ್ತೆ ಮಂಡ್ಯದ ಕಡೆಯವರು. ‘ಆಲು’, ‘ಅತ್ತು’ ಎನ್ನುತ್ತಾರೆ. ಮಕ್ಕಳು ತಿದ್ದುತ್ತಾರೆ. ಅದು ತಪ್ಪು ತಾನೆ?
– ಓದುಗರೊಬ್ಬರು, ಬೆಂಗಳೂರು

ಉತ್ತರ: ಖಂಡಿತ ತಪ್ಪಲ್ಲ. ಪಕಾರ ಹಕಾರವಾಯಿತಲ್ಲ, ಅದೇ ದಾರಿಯಲ್ಲಿ ಅತ್ತೆಯವರ ಮಾತು ಇನ್ನೊಂದು ಹೆಜ್ಜೆ ಮುಂದಿದೆ, ಅಷ್ಟೆ. ‘ಪಾಲ್’ ಅನ್ನುತ್ತಿದ್ದವರಿಗೆ ನಮ್ಮ ‘ಹಾಲು’ ಕೂಡ ಕೆಟ್ಟುಹೋದ ಮಾತಾಗಿಯೇ ಕೇಳಿಸಿರಬೇಕು. ‘ಆಲ್ ಕಾಸಿವ್ನಿ, ಕುಡ್ಕಂಡ್ ಓಗು ಮಗಾ’ ಎನ್ನುತ್ತಿದ್ದ ಅಮ್ಮನ ಮಗಳು ನಾನು. ಶಾಲೆಯಲ್ಲಿ ‘ಓಗು’ ಎಂದು ಓದಿದ್ದಕ್ಕೆ ಬೆಂಚಿನ ಮೇಲೆ ನಿಂತಿದ್ದೆ; ಮನೆಗೆ ಬಂದು ಅಮ್ಮನನ್ನೇ ತಿದ್ದಿದೆ. ಆಮೇಲೆ ಅವರು ನನ್ನೆದುರು ಮಾತು ಕಡಿಮೆ ಮಾಡಿದರು. ಆ ನೋವು ಇನ್ನೂ ಹೋಗಿಲ್ಲ.

ಮಕ್ಕಳು ಬರೆಯುವಾಗ ‘ಹಾಲು’ ಎಂದೇ ಬರೆಯಲಿ. ಅಜ್ಜಿಯನ್ನು ತಿದ್ದುವ ಬದಲು ದುಡ್ಡು ಎಣಿಸುವಾಗ ಪಕ್ಕದಲ್ಲಿ ಕೂತು ಕೇಳಿಸಿಕೊಳ್ಳಲಿ: ಅತ್ತು, ಇಪ್ಪತ್ತು, ಮೂವತ್ತು… ‘ಅತ್ತು’ವಿನಲ್ಲಿ ಹೋದ ಪಕಾರ ‘ಇಪ್ಪತ್ತು’ ಎನ್ನುವಾಗ ಅವರ ಬಾಯಲ್ಲೂ ಗಟ್ಟಿಯಾಗಿ ಕೇಳಿಸುತ್ತದೆ.