ಮಂಡಿನೋವಿರೋ ಅಮ್ಮನಿಗೆ ಒಂಟೆ ಬೇಡ, ಗಾಡಿ ಸಾಕು

ಡಿಸೆಂಬರ್‌ನಲ್ಲಿ ಮಂಡಿನೋವಿರೋ ಅಮ್ಮನ ಜೊತೆ ಜೈಸಲ್ಮೇರ್‌ಗೆ ಹೋದ್ರೆ ಅರ್ಧ ದಿನದ ಮರುಭೂಮಿ ಟೂರ್ ಸಾಕಾ ಅಂತ ಕೇಳಿದ್ರಲ್ಲ, ಧಾರಾಳವಾಗಿ ಸಾಕು. ಮಧ್ಯಾಹ್ನ ಎರಡೂವರೆಗೆಲ್ಲ ಹೊರಡಿ. ಪಾಲಿವಾಲ ಬ್ರಾಹ್ಮಣರು ಬಿಟ್ಟುಹೋದ ಪಾಳು ಹಳ್ಳಿ ಕುಲಧರಾ ನೋಡ್ಕೊಂಡೇ ಮುಂದೆ ಹೋಗಬಹುದು. ಹೋಗುವಾಗ ಅವರು ಊರಿಗೆ ಶಾಪ ಹಾಕಿದ್ರು ಅನ್ನೋ ಕಥೆ ಗೈಡ್ ಹೇಳೇ ಹೇಳ್ತಾನೆ, ನೀವು ಆ ಕಲ್ಲುಗೋಡೆಗಳನ್ನ ನೋಡಿ. ಕೊನೆಗೆ ತಲುಪೋ ಸಮ್ ಮರಳುದಿಬ್ಬ ಜೈಸಲ್ಮೇರ್‌ನಿಂದ ಸುಮಾರು 40 ಕಿ.ಮೀ.

ಒಂಟೆ ಸವಾರಿ ಮಾತ್ರ ಬೇಡವೇ ಬೇಡ. ಏಳುವಾಗ ಅದು ಮೊದಲು ಹಿಂಗಾಲು ಎತ್ತುತ್ತೆ, ಮೇಲೆ ಕೂತವರು ಮುಂದಕ್ಕೆ ಮುಗ್ಗರಿಸಿದ ಹಾಗಾಗುತ್ತೆ. ನನ್ನ ಸೊಂಟ ಇನ್ನೂ ಅದನ್ನ ಮರೆತಿಲ್ಲ! ಅಲ್ಲೇ ಒಂಟೆಗಾಡಿ ಸಿಗುತ್ತೆ, ಅಮ್ಮನ್ನ ಅದರಲ್ಲಿ ಕೂರಿಸಿ. ಜೀಪ್ ಹತ್ತೋದಾದ್ರೆ, ದಿಬ್ಬದ ಮೇಲೆ ಹಾರಿಸಬೇಡಪ್ಪಾ ಅಂತ ದುಡ್ಡು ಕೊಡೋ ಮೊದಲೇ ಹೇಳಿಬಿಡಿ. ಹೊತ್ತು ಮುಳುಗ್ತಿದ್ದಂಗೆ ಮರಳು ತಣ್ಣಗಾಗುತ್ತೆ, ಶಾಲು ಕೈಯಲ್ಲೇ ಇರಲಿ.